ಬೇಡ ಎಂದವರ ಭಾವಚಿತ್ರ

ಇದನ್ನು ಹೇಳುವುದನ್ನು ನಾನು ವರ್ಷಗಳಿಂದ ಮುಂದೂಡುತ್ತ ಬಂದೆ. ಮೊದಲು ಮಗಳ ಬಾಣಂತನ ಮುಗಿಯಲಿ ಎಂದೆ, ಆಮೇಲೆ ಕಣ್ಣಿನ ಆಪರೇಶನ್ ಆಗಲಿ ಎಂದೆ, ಆಮೇಲೆ — ಆಮೇಲೆ ನೆಪಗಳೂ ಮುಗಿದವು. ಹೇಳಬೇಕಾದದ್ದು ಇಷ್ಟು. ಸ್ನೇಹಲ್ ಎಂಬ ಹುಡುಗಿ, ಮನುಷ್ಯರ ಭಾವಚಿತ್ರ ತೆಗೆಯುವುದನ್ನೇ ಬದುಕು ಮಾಡಿಕೊಳ್ಳಲು ಹೊರಟವಳು, ಒಬ್ಬರ ಫೋಟೋವನ್ನು ಅವರ ಒಪ್ಪಿಗೆಯಿಲ್ಲದೆ ತೆಗೆದಳು ಎಂಬ ಅಪವಾದ ಹೊತ್ತಳು. ಒಪ್ಪಿಗೆ ಇದೆ ಎಂದು ಅವಳಿಗೆ ಸುಳ್ಳು ಹೇಳಿದವನು ನಾನು. ಅಪವಾದ ಬಂದ ದಿನ ಪಕ್ಕದಲ್ಲೇ ನಿಂತು ಜಾರಿಕೊಂಡವನೂ ನಾನು.

ನಾನು ಗ್ರಾಂಟ್ ರೋಡ್ ಸ್ಟೇಷನ್ ಹತ್ತಿರದ ಒಂದು ಉಡುಪಿ ಹೋಟೆಲಿನಲ್ಲಿ ಗಲ್ಲೆಯ ಮೇಲೆ ಕೂತು ಬಿಲ್ಲಿನ ಹಣ ಪಡೆಯುತ್ತಿದ್ದವನು. ಕಾರ್ಕಳದ ಕಡೆಯಿಂದ ಬಂದು, ಟೇಬಲ್ ಒರೆಸಿ, ರಾತ್ರಿಶಾಲೆಯಲ್ಲಿ ಹತ್ತನೆಯದು ಪಾಸು ಮಾಡಿ, ಮೆಲ್ಲನೆ ಗಲ್ಲೆಗೆ ಏರಿದೆ. ‘ಏರಿದೆ’ ಎಂದು ಬೇಕೆಂದೇ ಬರೆಯುತ್ತಿದ್ದೇನೆ. ಆ ಎತ್ತರದ ಕುರ್ಚಿಯಿಂದ ನೋಡಿದರೆ ಹೋಟೆಲಿನವರೆಲ್ಲ ನನಗೆ ಸ್ವಲ್ಪ ಕೆಳಗೇ ಕಾಣುತ್ತಿದ್ದರು.

ಸ್ನೇಹಲ್ ಒಂದು ಮಧ್ಯಾಹ್ನ ಬಂದು ಕಾಫಿ ಕುಡಿದು, ಗಲ್ಲೆಯ ಮುಂದೆ ನಿಂತು, ತಡವರಿಸುವ ಕನ್ನಡದಲ್ಲಿ ತನ್ನ ಪರಿಚಯ ಹೇಳಿಕೊಂಡಳು. ತಂದೆ ಬೆಳಗಾವಿಯವರು, ಯಾವುದೋ ಆಫೀಸಿನಲ್ಲಿ ಗುಮಾಸ್ತರು, ಮನೆ ಮುಲುಂಡಿನಲ್ಲಿ. ದಾದರಿನ ಹೂವಿನ ಮಾರ್ಕೆಟಿನ ಹೆಂಗಸರ ಫೋಟೋ ತೆಗೆದು ಆಗಿತ್ತು. ಈಗ ಹೋಟೆಲಿನ ಒಳಗಿನವರನ್ನು — ಗಿರಾಕಿಗಳು ಎಂದೂ ನೋಡದವರನ್ನು — ತೆಗೆಯಬೇಕು.

“ಫಿಲಮ್ ಹೀರೋ ಥರ ಅಲ್ಲ ಕಾಕಾ. ಅವ್ರು ಹೆಂಗ ಅದಾರ, ಹಂಗ.”

ಮೊದಲಿಗೆ ಅವಳು ಕ್ಯಾಮರಾವನ್ನು ಚೀಲದಿಂದ ಹೊರಗೇ ತೆಗೆಯಲಿಲ್ಲ. ಬರುತ್ತಿದ್ದಳು, ಒಳಗೆ ಕೂತು ತೆಂಗಿನಕಾಯಿ ತುರಿಯುವವರ ಜೊತೆ ಮಾತನಾಡುತ್ತಿದ್ದಳು, ಹೋಗುತ್ತಿದ್ದಳು. ನಮ್ಮವರು ಅವಳ ಕನ್ನಡಕ್ಕೆ ನಗುತ್ತಿದ್ದರು, ಅವಳು ಅವರ ತುಳುವಿಗೆ. ಆಮೇಲೆ ಒಬ್ಬೊಬ್ಬರನ್ನೇ ಕೇಳಿದಳು: ನಿಮ್ಮ ಫೋಟೋ ತೆಗೆಯಲೇ, ಹೊರಗಿನವರಿಗೆ ತೋರಿಸಲೇ? ತಲೆ ಆಡಿಸಿದರೆ ಸಾಲದು, ಬಾಯಿಬಿಟ್ಟು ಹೇಳಬೇಕು.

“ಮೇಡಂ, ಇವನದ್ದು ಮಾತ್ರ ತೆಗಿಬೇಡಿ,” ಎಂದ ಒಬ್ಬ ಸಪ್ಲೈಯರ್, “ಕ್ಯಾಮರಾದ ಗಾಜು ಒಡೆದು ಹೋದೀತು.”

“ನಿನ್ನದು ತೆಗೆದ್ರೆ ಸ್ಟೇಷನ್ನಲ್ಲಿ ಅಂಟಿಸ್ತಾರೆ ಮಾರಾಯ, ಜೇಬುಗಳ್ಳರ ಸಾಲಲ್ಲಿ,” ಎಂದ ಇನ್ನೊಬ್ಬ.

ಪಾತ್ರೆ ತೊಳೆಯುವ ಒಬ್ಬಾತ ಬೇಡ ಎಂದಾಗ ಅವಳು ಕ್ಯಾಮರಾ ಕೆಳಗಿಟ್ಟು ಅವನ ಜೊತೆ ಮಾತು ಮುಂದುವರಿಸಿದಳು. ನಾನು, ಬೇಕಾದರೆ ಅವನಿಗೆ ಹೇಳುತ್ತೇನೆ, ಈ ಹೋಟೆಲಿನಲ್ಲಿ ನನ್ನ ಮಾತಿಗೆ ಯಾರೂ ಇಲ್ಲ ಅನ್ನುವುದಿಲ್ಲ ಎಂದೆ.

“ಬ್ಯಾಡ ಅಂದ್ರ ಬ್ಯಾಡ, ಕಾಕಾ. ಮುಖ ಅವ್ರದು, ನಂದಲ್ಲ.”

ಆ ಮಾತು ನನಗೆ ಚುಚ್ಚಿತು. ಹುಡುಗಿ ನನ್ನ ಮಾತನ್ನು ತೂಗಿ ನೋಡಿ ಬದಿಗಿಟ್ಟಳಲ್ಲ ಎಂದು. ನಾನು ಮುಂದೆ ಹೇಳಿದ ಸುಳ್ಳಿಗೆ ಇಷ್ಟು ಸಣ್ಣ ಕಾರಣ — ಇದಕ್ಕಿಂತ ದೊಡ್ಡದು ಸಿಗುತ್ತದೆಯೇ ಎಂದು ಎಷ್ಟು ಹುಡುಕಿದರೂ ಸಿಕ್ಕಿಲ್ಲ.

ನಮ್ಮ ದೋಸೆ ಕಾವಲಿಯ ಮುಂದೆ ನಿಲ್ಲುತ್ತಿದ್ದವರನ್ನು ಎಲ್ಲರೂ ದೋಸೆ ಅಣ್ಣ ಎನ್ನುತ್ತಿದ್ದೆವು. ನನ್ನ ಊರಿನ ಕಡೆಯವರೇ, ನನಗಿಂತ ಸ್ವಲ್ಪ ಹಿರಿಯರು, ಮಾತು ಕಡಿಮೆ. ಅವರ ಕುತ್ತಿಗೆಯಿಂದ ಎದೆಯವರೆಗೆ, ಎರಡು ತೋಳಿನ ಮೇಲೆ, ಬಿಳಿ ಕಲೆಗಳಿದ್ದವು. ತೊನ್ನು. ಊರಿಗೆ ಹೋಗುವಾಗ ತುಂಬುತೋಳಿನ ಅಂಗಿ, ಕುತ್ತಿಗೆಗೆ ಸುತ್ತಿದ ಬೈರಾಸು ಟವಲು. ಹೆಂಡತಿ ಬಿಟ್ಟರೆ ಅಲ್ಲಿ ಯಾರಿಗೂ ಗೊತ್ತಿರಲಿಲ್ಲ. ಆದರೆ ಕಾವಲಿಯ ಧಗೆಯಲ್ಲಿ ಬನಿಯನ್ ಬಿಟ್ಟು ಬೇರೇನು ಹಾಕಲು ಸಾಧ್ಯ? ಅಡುಗೆಮನೆಯ ನಾವೆಲ್ಲ ನೋಡುತ್ತಿದ್ದೆವು, ಯಾರೂ ಅದರ ಮಾತೆತ್ತುತ್ತಿರಲಿಲ್ಲ. ಅಷ್ಟು ಮರ್ಯಾದೆ ನಮ್ಮಲ್ಲಿ ಇತ್ತು.

ಹಿಂದಿನ ಕಿಟಕಿಯಿಂದ ಬಿಸಿಲು ಬರುವ ಹೊತ್ತು. ಸ್ನೇಹಲ್ ಅವರನ್ನು ನೋಡುತ್ತ ನಿಂತುಬಿಟ್ಟಳು. “ಕಾಕಾ, ಮೈಮ್ಯಾಲೆ ನಕಾಶೆ ಬರ್ದಂಗ ಅದ,” ಎಂದಳು ಮೆಲ್ಲಗೆ, ಕೆಟ್ಟ ಮಾತಾಗಿ ಅಲ್ಲ, ಕಣ್ಣರಳಿಸಿಕೊಂಡು. ಆಮೇಲೆ ಅವರ ಎದುರು ಹೋಗಿ ತನ್ನ ಪ್ರಶ್ನೆ ಕೇಳಿದಳು.

ಅವರು ಅವಳ ಕಡೆ ನೋಡದೆ ನನ್ನ ಕಡೆ ತಿರುಗಿದರು. ಮಗಳ ವಯಸ್ಸಿನ ಹುಡುಗಿಗೆ ಮುಖದ ಮೇಲೆ ಇಲ್ಲ ಅನ್ನಲು ಸಂಕೋಚ ಅವರಿಗೆ.

“ಎಂಕ್ ಬೊಡ್ಚಿ. ಆಳೆಡ ಪಣ್ಲೆ.”

ನನಗೆ ಬೇಡ, ಅವಳಿಗೆ ಹೇಳಿ — ಅಷ್ಟೇ. ಮತ್ತೆ ಹೇಳಿದರು, ಬೊಡ್ಚಿ, ಬೊಡ್ಚಿ. ಅಷ್ಟು ದಿನ ನಮ್ಮ ನಡುವೆ ಕೂತವಳಲ್ಲವೇ, ಆ ಶಬ್ದ ಅವಳ ಕಿವಿಗೆ ಬಿತ್ತು.

“ಬೊಡ್ಚಿ ಅಂದ್ರ ಬ್ಯಾಡ ಅಲ್ರಿ?”

ನಾನು ನಕ್ಕೆ. ಆ ನಗು ನನಗೆ ಈಗಲೂ ಕೇಳುತ್ತದೆ.

“ಶಬ್ದಕ್ಕೆ ಅರ್ಥ ಅದೇ. ಆದರೆ ನಮ್ಮ ಕಡೆ ಊಟಕ್ಕೆ ಕರೆದರೂ ಮೊದಲು ಬೊಡ್ಚಿ ಅಂತಲೇ ಹೇಳುವುದು. ಒಂದೇ ಮಾತಿಗೆ ಎಲೆ ಮುಂದೆ ಕೂತರೆ ಹೊಟ್ಟೆಬಾಕ ಅಂದಾರು. ಬೊಡ್ಚಿ ಬೊಡ್ಚಿ ಅಂತ ಹೇಳ್ತಾ ಹೇಳ್ತಾ ಬಡಿಸಿಕೊಳ್ಳುವ ಜನ ನಾವು. ಇದು ಒಪ್ಪಿಗೆಯೇ ಮಗಾ.”

ಪದ್ಧತಿಯೇನೋ ಸುಳ್ಳಲ್ಲ. ಪಾಯಸಕ್ಕೆ ನಾನೂ ಹಾಗೆಯೇ ಹೇಳಿದ್ದೇನೆ. ಆದರೆ ಬಡಿಸಿಕೊಳ್ಳುವವನ ಬೊಡ್ಚಿ ಯಾವುದು, ನಿಜವಾಗಿ ಬೇಡದವನ ಬೊಡ್ಚಿ ಯಾವುದು ಎಂದು ನಮ್ಮಲ್ಲಿ ಹುಟ್ಟಿದ ಮಗುವಿಗೂ ತಿಳಿಯುತ್ತದೆ. ಅವಳಿಗೆ ತಿಳಿಯಲು ಸಾಧ್ಯವಿರಲಿಲ್ಲ, ಅದಕ್ಕೇ ನನ್ನನ್ನು ಕೇಳಿದ್ದಳು.

ನಾನು ಅಲ್ಲಿಗೇ ನಿಲ್ಲಲಿಲ್ಲ. ದೋಸೆ ಅಣ್ಣನ ಕಡೆ ತಿರುಗಿ ತುಳುವಿನಲ್ಲಿ — ಬರೀ ಮುಖ ತೆಗೆಯುತ್ತಾಳೆ, ಕುತ್ತಿಗೆಯ ಕೆಳಗೆ ಏನೂ ಬರುವುದಿಲ್ಲ, ಅವಳ ಕಲಿಕೆಗೆ ಅಷ್ಟೇ, ಯಾರೂ ನೋಡುವುದಿಲ್ಲ, ನಾನಿದ್ದೇನಲ್ಲ ಎಂದೆ. ಅವರು ನನ್ನನ್ನು ಒಂದು ಕ್ಷಣ ನೋಡಿದರು. ಸೌಟು ಕೆಳಗಿಟ್ಟು ಕಿಟಕಿಯ ಬಳಿ ನಿಂತರು. ಅತ್ತ ಒಂದು ಸುಳ್ಳು, ಇತ್ತ ಒಂದು ಸುಳ್ಳು. ನಡುವೆ ನಾನು, ದೊಡ್ಡ ಮನುಷ್ಯ.

ಫೋಟೋ ಚೆನ್ನಾಗಿ ಬಂತು. ಅದನ್ನು ಹೇಳಲೇಬೇಕು. ಬನಿಯನ್ನಿನಿಂದಾಚೆ ಕುತ್ತಿಗೆ, ತೋಳಿನ ಕಲೆಗಳೆಲ್ಲ ಅದರಲ್ಲಿ ಕಾಣುತ್ತಿದ್ದವು. ದಾದರಿನ ಸಣ್ಣ ಹಾಲ್‌ನಲ್ಲಿ ಪ್ರದರ್ಶನ ಇಟ್ಟಾಗ ಜನ ಆ ಚಿತ್ರದ ಮುಂದೆಯೇ ನಿಲ್ಲುತ್ತಿದ್ದರು. ಭಾನುವಾರದ ಪತ್ರಿಕೆಯೊಂದರಲ್ಲಿ ಅದು ಅಚ್ಚಾಯಿತು. ಅವಳ ಚಿತ್ರಗಳ ಪುಸ್ತಕ ತರುತ್ತೇನೆ ಎಂದು ಒಬ್ಬರು ಮುಂದೆ ಬಂದರು. ಅದೇ ಪತ್ರಿಕೆಯ ಪುಟ ಯಾರದೋ ಮೊಬೈಲಿನಿಂದ ಊರಿಗೆ ಹೋಯಿತು. ದೋಸೆ ಅಣ್ಣನ ಮಗಳಿಗೆ ಸಂಬಂಧ ನೋಡಿ ಮಾತು ಮುಗಿಯುವ ಹಂತದಲ್ಲಿತ್ತು. ಗಂಡಿನ ಕಡೆಯವರು ಚಿತ್ರ ನೋಡಿದರು, ತೊನ್ನು ವಂಶದಲ್ಲಿ ಇಳಿಯುತ್ತದೆ ಎಂದು ಹೆದರಿದರು, ಎದ್ದು ಹೋದರು.

ಮರುದಿನ ದೋಸೆ ಅಣ್ಣನ ಅಕ್ಕನ ಮಗ ಹಾಲ್‌ಗೆ ಬಂದ. ನಾನು ಹೊಸ ಅಂಗಿ ತೊಟ್ಟು ಅಲ್ಲೇ ಇದ್ದೆ, ಬಂದವರಿಗೆಲ್ಲ ಇದು ನಮ್ಮ ಹೋಟೆಲು ಎಂದು ಹೇಳುತ್ತ. ಅವನು ಎಲ್ಲರೆದುರು ಸ್ನೇಹಲ್‌ಳನ್ನು ಕೇಳಿದ: “ಮಾಮ ಬೇಡ ಅಂದಿದ್ರಂತಲ್ಲ. ನಿನಗೆ ಕಿವಿ ಇಲ್ವಾ? ಬಡವರ ಮೈ ಮಾರಿ ಹೆಸರು ಮಾಡ್ಕೊಳ್ತೀಯಾ?”

ಅವಳು ನನ್ನ ಕಡೆ ತಿರುಗಿದಳು. “ಕಾಕಾ, ನೀವಽ ಇದ್ರಲ್ಲ. ಹೇಳ್ರಿ.”

ಹೇಳಬಹುದಿತ್ತು. ಬಾಯಿಯವರೆಗೂ ಬಂದಿತ್ತು ಎಂದು ಬರೆದರೆ ಅದೂ ಸುಳ್ಳಾಗುತ್ತದೆ. ನಾನು ಹೇಳಿದ್ದು ಇಷ್ಟು:

“ನನಗೆ ಸರಿಯಾಗಿ ನೆನಪಿಲ್ಲ.”

ಅವಳು ಮತ್ತೆ ಕೇಳಲಿಲ್ಲ. ನನ್ನ ಹೆಸರನ್ನೂ ಎತ್ತಲಿಲ್ಲ. ತಾನೇ ಹೋಗಿ ಆ ಚಿತ್ರವನ್ನು ಗೋಡೆಯಿಂದ ಇಳಿಸಿ, ಮುಖ ಗೋಡೆಯ ಕಡೆ ಮಾಡಿ ಇಟ್ಟಳು. ಆಮೇಲೆ ಅಂತರ್ಜಾಲದಲ್ಲಿ ಯಾರ್ಯಾರೋ ಅವಳನ್ನು ಬೈದರು. ಪುಸ್ತಕದವರು ಹಿಂದೆ ಸರಿದರು. ದೋಸೆ ಅಣ್ಣ ಕೆಲಸ ಬಿಟ್ಟು ಊರಿಗೆ ಹೋದರು. ಹೋಗುವಾಗ ಗಲ್ಲೆಯ ಮುಂದೆ ನಿಂತು, ಬೈರಾಸು ಕುತ್ತಿಗೆಗೆ ಸುತ್ತಿಕೊಂಡು ಹೊರಟರು.

ಸ್ನೇಹಲ್ ಮನುಷ್ಯರ ಫೋಟೋ ತೆಗೆಯುವುದನ್ನೇ ನಿಲ್ಲಿಸಿದಳು ಎಂದು ಆಮೇಲೆ ತಿಳಿಯಿತು. ಕಂಪನಿಗಳಿಗೆ ಕುಕ್ಕರ್, ಸೀರೆ, ಚಪ್ಪಲಿಗಳ ಫೋಟೋ ತೆಗೆಯುತ್ತಿದ್ದಳು. ಕುಕ್ಕರನ್ನು ಯಾರೂ ಒಪ್ಪಿಗೆ ಕೇಳಬೇಕಾಗಿಲ್ಲ.

ಕೆಲಸ ಬಿಟ್ಟ ಮೇಲೆ ನಾನು ಮುಲುಂಡಿನಲ್ಲಿರುವ ಮಗಳ ಮನೆಗೆ ಬಂದೆ. ಸ್ನೇಹಲ್‌ಳ ಬಿಲ್ಡಿಂಗ್ ನಮ್ಮ ಹಾಲಿನ ಅಂಗಡಿಯ ದಾರಿಯಲ್ಲೇ. ದೇವರು ಹೀಗೂ ಚೇಷ್ಟೆ ಮಾಡುತ್ತಾನೆ. ಎಷ್ಟೋ ಸಲ ಗೇಟಿನವರೆಗೆ ಹೋಗಿ ವಾಚ್‌ಮನ್ ಕೇಳುವ ಮೊದಲೇ ತಿರುಗಿ ಬಂದೆ. ಕಳೆದ ತಿಂಗಳು ಆತನೇ ತಡೆದು, ದಿನಾ ಬರುತ್ತೀರಲ್ಲ, ಹೋಗಬೇಕಾದದ್ದು ಎಲ್ಲಿಗೆ ಎಂದು ಕೇಳಿದ: “ಚಾಚಾ, ರೋಜ್ ಆತೇ ಹೋ, ಜಾನಾ ಕಿಧರ್ ಹೈ?” ನನ್ನ ಬಾಯಿಂದ ಅವಳ ಹೆಸರು ಬಂದುಬಿಟ್ಟಿತು.

ಅವಳೇ ಬಾಗಿಲು ತೆರೆದಳು. ಕೂತೆ. ಎಲ್ಲವನ್ನೂ ಹೇಳಿದೆ — ಅವರು ಹೇಳಿದ್ದು ನಿಜವಾದ ಬೇಡ ಎಂದು, ಅವಳಿಗೆ ಹೇಳಿ ಎಂದು ನನ್ನನ್ನು ಕೇಳಿಕೊಂಡಿದ್ದರೆಂದು, ಅವರಿಗೆ ನಾನು ಏನು ಹೇಳಿ ನಿಲ್ಲಿಸಿದೆನೆಂದು, ಹಾಲ್‌ನಲ್ಲಿ ನನಗೆ ಎಲ್ಲವೂ ನೆನಪಿತ್ತೆಂದು. ತಪ್ಪಾಯಿತು ಎಂದೆ.

“ಅಂದ್ರ ನಾ ಸರಿಯಾಗೇ ಕೇಳ್ಸ್ಕೊಂಡಿದ್ದೆ,” ಎಂದಳು. “ಇಷ್ಟ ವರ್ಷ ಅನ್ಕೊಂಡಿದ್ದೆ, ಫೋಟೋದ ಆಸೆಗೆ ನಾನಽ ಬ್ಯಾಡ ಅನ್ನೂದನ್ನ ಹೂಂ ಮಾಡ್ಕೊಂಡೆ ಅಂತ. ಯಾರ ಮುಂದ ಕ್ಯಾಮರಾ ಹಿಡದ್ರೂ ಅದಽ ನೆನಪು. ನನ್ನ ಕಿವೀನಽ ನಂಬ್ಲಿಲ್ಲ, ಕಾಕಾ.”

ಅತ್ತಳು. ಆಮೇಲೆ ಕಣ್ಣೊರೆಸಿಕೊಂಡು ಎದ್ದಳು. “ಕ್ಷಮಾ ಮಾಡೂದು ನನಗ ಬರೂದಿಲ್ಲ. ಚಾ ಮಾಡೂದು ಬರ್ತದ. ಕುಡೀತೀರಿ?”

ಕುಡಿದೆ. ಸಕ್ಕರೆ ಹೆಚ್ಚಾಗಿತ್ತು. ಲೋಟ ತೊಳೆಯಲು ಹೋದಾಗ ಅಡುಗೆಮನೆಯಿಂದಲೇ ಕೇಳಿದಳು, “ಅವ್ರಿಗೆ ಹೇಳಿದ್ರೇನು?”

“ಇಲ್ಲ.”

“ಹಂಗಾದ್ರ ಅರ್ಧಾ ಆತು.”

ಅಂದಿನಿಂದ ನನ್ನ ಮೈ ಹಗುರಾಗಿದೆ. ಮಗಳು, ಅಪ್ಪಾ, ಈಗೀಗ ನೀವು ಊಟ ಸರಿ ಮಾಡುತ್ತೀರಿ ಎನ್ನುತ್ತಾಳೆ. ಮೊನ್ನೆ ಸ್ನೇಹಲ್ ನಮ್ಮ ಹಾಲಿನ ಅಂಗಡಿಯ ಹೆಂಗಸಿನ ಎದುರು ಕ್ಯಾಮರಾ ಹಿಡಿದು ನಿಂತಿದ್ದನ್ನು ದೂರದಿಂದ ನೋಡಿದೆ. ಹತ್ತಿರ ಹೋಗಲಿಲ್ಲ. ಅವರಿಬ್ಬರ ನಡುವೆ ನಾನು ಬೇಕಾಗಿರಲಿಲ್ಲ. ಅದು ಎಷ್ಟು ದೊಡ್ಡ ನೆಮ್ಮದಿ ಎಂದು ಹೇಗೆ ಬರೆಯಲಿ —

ಆದರೆ ನನಗೆ ಸಿಕ್ಕ ಈ ನೆಮ್ಮದಿ ಅರ್ಧದ್ದು. ದೋಸೆ ಅಣ್ಣನ ಮಗಳಿಗೆ ತಡವಾಗಿ ಬೇರೆ ಕಡೆ ಮದುವೆಯಾಯಿತೆಂದು ಕೇಳಿದ್ದೇನೆ. ಅದರಿಂದ ನನ್ನ ಪಾಲಿನದು ಕಡಿಮೆಯಾಗುವುದಿಲ್ಲ. ಅವರು ಊರಲ್ಲೇ ಇದ್ದಾರೆ. ಫೋನಿನಲ್ಲಿ ಹೇಳುವ ಮಾತಲ್ಲ ಇದು. ಮಳೆ ಮುಗಿದ ಕೂಡಲೇ ಹೋಗಿ ಅವರ ಅಂಗಳದಲ್ಲಿ ನಿಲ್ಲುತ್ತೇನೆ. ಒಳಗೆ ಕರೆಯದಿದ್ದರೂ ಸರಿ, ನಿಂತಲ್ಲೇ ಹೇಳುತ್ತೇನೆ. ಅಲ್ಲಿಯವರೆಗೆ, ನಾನು ಇನ್ನೂ ತಪ್ಪಾಯಿತು ಎಂದು ಹೇಳದ ಮನುಷ್ಯನ ಹೆಸರನ್ನು ಇಲ್ಲಿ ಬರೆದಿಡುತ್ತೇನೆ: ಐತಪ್ಪ ಮೂಲ್ಯ.