ಮಿಂಚುಳ್ಳಿಯ ಗಂಡ

ಹಾಲ್ಸಿಯನ್ ಎಂಬ ಇಂಗ್ಲಿಷ್ ಗುಣವಾಚಕ ಕಂಡರೆ ಇವತ್ತಿಗೂ ನನ್ನ ಮೈ ಉರಿಯುತ್ತದೆ. ಗಾಳಿಯ ಸದ್ದಿಲ್ಲದ, ನೆಮ್ಮದಿಯ ದಿನಗಳಿಗೆ ಆ ಪದ ಹಚ್ಚುತ್ತಾರೆ. ಎಪ್ಪತ್ತರ ದಶಕದಲ್ಲಿ ಚಿತ್ರದುರ್ಗದ ಕಾಲೇಜಿನಲ್ಲಿ ನಮ್ಮ ಇಂಗ್ಲಿಷ್ ಮೇಷ್ಟ್ರು ಅದರ ಮೂಲ ಬಿಡಿಸಿ ಹೇಳಿದ್ದರು. ಗ್ರೀಕರಲ್ಲಿ ಅದು ಮಿಂಚುಳ್ಳಿಯ ಹೆಸರು. ಗಂಡ ಸಮುದ್ರದಲ್ಲಿ ಮುಳುಗಿ ಸತ್ತನೆಂದು ಹೆಂಡತಿಯೂ ನೀರಿಗೆ ಹಾರಿ ಮಿಂಚುಳ್ಳಿಯಾದಳಂತೆ. ಅವಳು ನೀರಿನ ಮೇಲೆ ಗೂಡು ಕಟ್ಟಿ ಮೊಟ್ಟೆಗೆ ಕಾವು ಕೊಡುವಷ್ಟು ದಿನ ದೇವರು ಗಾಳಿಯನ್ನೇ ಕಟ್ಟಿಹಾಕಿದನಂತೆ. ಎಷ್ಟು ಚೆಂದ ಎಂದುಕೊಂಡಿದ್ದೆ, ನನ್ನ ಬುದ್ಧಿಗಿಷ್ಟು!

ಅದೇ ತಿಂಗಳು ಭಾವ ಮಾರಿಕಣಿವೆಯಲ್ಲಿ ತೆಪ್ಪ ಮಗುಚಿ ನೀರುಪಾಲಾದರು. ಅಣೆಕಟ್ಟಿನಲ್ಲೇ ಅವರ ಕೆಲಸ. ಅಕ್ಕ ಚೊಚ್ಚಲ ಹೆರಿಗೆಗೆ ಹೊಸದುರ್ಗದ ನಮ್ಮ ಮನೆಗೆ ಬಂದಿದ್ದಳು, ದಿನ ತುಂಬಿತ್ತು. ಬಸುರಿಯ ಕಿವಿಗೆ ಸಾವಿನ ಸುದ್ದಿ ಹಾಕಬಾರದೆಂದು ಹಿರಿಯರು ತೀರ್ಮಾನಿಸಿದರು. ಭಾವನಿಗೆ ರಜಾ ಸಿಕ್ಕಿಲ್ಲ ಎಂದರು. ಅಪ್ಪ ಹೊಳಲ್ಕೆರೆಯಲ್ಲಿ ಮದುವೆ ಎಂದು ಹೇಳಿ ಮಣ್ಣಿಗೆ ಹೋಗಿಬಂದರು. ಅವ್ವ ಹಿತ್ತಿಲಲ್ಲಿ ಬಾಯಿಗೆ ಸೆರಗು ತುರುಕಿಕೊಂಡು ಅತ್ತು, ಒಳಗೆ ಬಂದು ಅಕ್ಕನಿಗೆ ಹೂ ಮುಡಿಸುವಳು. ಆ ಕೈ ಹೇಗೆ ಎದ್ದಿತೋ, ದೇವರೇ!

ಅಕ್ಕನ ಹತ್ತಿರ ಕೂತು ಹರಟುವುದು ಕಾಲೇಜಿನಿಂದ ಊರಿಗೆ ಬಂದಿದ್ದ ನನ್ನ ಪಾಲಿಗೆ ಬಂತು.

"ಏನಾರ ಹೇಳೇ, ಮೂಗಿ ಹಂಗೆ ಕುಂತೀಯಲ್ಲ" ಅಂದಳು.

ಬಾಯಿಗೆ ಬಂದದ್ದು ಆ ಹಾಳು ಪದವೇ. ಹಕ್ಕಿ, ಗೂಡು, ನಿಂತ ಗಾಳಿ, ಇಷ್ಟನ್ನೇ ಹೇಳಿದೆ.

"ನೀರಿನ ಮೇಲೆ ಗೂಡಾ? ಸುಳ್ಳು ಕಣೇ. ಮಿಂಚುಳ್ಳಿ ದಡದ ಮಣ್ಣಾಗೆ ಬಿಲ ತೋಡ್ತೈತೆ. ನಿಮ್ಮ ಭಾವ ತೋರ್ಸಿದ್ರು" ಎಂದು ನಕ್ಕಳು. ಆಮೇಲೆ ಕೇಳಿದಳು, "ಅದಿರ್ಲಿ, ಅದ್ರ ಗಂಡ ಎಲ್ಲಿಗೆ ಹೋಗಿತ್ತು?"

"ಮೀನು ತರಾಕೆ" ಎಂದೆ.

ಅಕ್ಕ ನನ್ನ ಮುಖ ನೋಡಿದಳು. ಕುಡಿಯಲು ನೀರು ತಾ ಎಂದಳು, ತಂದುಕೊಟ್ಟೆ.

ಹೆಣ್ಣುಮಗು ಹುಟ್ಟಿತು. ಪುರುಡು ಕಳೆದು ನೀರೆರೆದ ದಿನ ಅವ್ವ ಅಕ್ಕನಿಗೆ ಹೂ ಮುಡಿಸಿ, ಸುದ್ದಿ ಹೇಳಲು ಎದುರಿಗೆ ಕೂತು ಬಾಯಿ ತೆರೆದಳು. ಅಕ್ಕನೇ ಅವ್ವನ ಕೈ ಹಿಡಿದುಕೊಂಡಳು.

"ಬಿಡವ್ವ, ನಂಗೊತ್ತೈತೆ. ಹಕ್ಕಿ ಗಂಡ ಎಲ್ಲಿ ಅಂದಾಗ ಇವಳ ಮುಖ ನೋಡಿದ್ನಲ್ಲ, ಆವಾಗ್ಲೇ ಗೊತ್ತಾತು. ನೀನು ದಿನಾ ಹೂ ಮುಡಿಸ್ತಿದ್ದೆ. ನಾನು ಅತ್ತಿದ್ರೆ ನಿನ್ನ ಎದೆ ಒಡೆದೋಗ್ತಿತ್ತು. ಅದ್ಕೇ ಸುಮ್ನಿದ್ದೆ."

ಹಾಗೆಂದು, ಮುಡಿದ ಹೂವನ್ನು ತಾನೇ ತೆಗೆದು ಅವ್ವನ ಕೈಗಿಟ್ಟಳು.