ಪಂಚೆಯ ಮೇಲೆ ಬಂದ ಚಿಕ್ಕಮ್ಮ

ಶಿಡ್ಲಘಟ್ಟದ ಸಾಹೇಬರ ರೇಷ್ಮೆ ಶೆಡ್ಡಿನಲ್ಲಿ ಆ ಶುಕ್ರವಾರ ನಾವು ಐದೇ ಜನ. ಸಾಹೇಬರು, ಅವರ ಗೆಳೆಯನಾದ ನನ್ನ ಚಿಕ್ಕಪ್ಪ, ಅಜ್ಜಿ, ನಾನು, ನನ್ನ ತೊಡೆಯ ಮೇಲೆ ಚಿಕ್ಕಪ್ಪನ ಐದು ವರ್ಷದ ಮಗಳು. ರಜೆಯಾದ್ದರಿಂದ ಗೂಡು ಬೇಯಿಸುವ ಒಲೆಗಳು ಆರಿದ್ದವು. ಹುಳದ ವಾಸನೆ ಮಾತ್ರ ರಜೆ ಹಾಕಿರಲಿಲ್ಲ. ಕಿಟಕಿಗಳಿಗೆ ಗೋಣಿತಾಟು ಬಿಗಿದು, ಹಗಲನ್ನೇ ಕತ್ತಲು ಮಾಡಿ, ಗೋಡೆಗೆ ಚಿಕ್ಕಪ್ಪನ ಬಿಳಿ ಪಂಚೆ ಕಟ್ಟಿದ್ದರು.

ಚಿಕ್ಕಪ್ಪ ನಾಟಕಗಳಲ್ಲಿ ಹೆಣ್ಣು ಪಾತ್ರ ಮಾಡುತ್ತಿದ್ದ. ಸಾಹೇಬರಿಗೆ ಬೊಂಬಾಯಿಯಿಂದ ತಂದ ಸಿನಿಮಾ ಕ್ಯಾಮೆರಾದ ಹುಚ್ಚು. ನಂದಿಯ ದೇವಸ್ಥಾನದ ಕಂಬಸಾಲಿನಲ್ಲಿ ಇವನಿಗೆ ಸೀರೆ ಉಡಿಸಿ, ನಡೆಸಿ, ತಿರುಗಿಸಿ ಚಿತ್ರ ತೆಗೆದಿದ್ದರು. ಉಟ್ಟದ್ದು ಚಿಕ್ಕಮ್ಮನ ಸೀರೆ. ಅವಳು ಈ ಮಗುವನ್ನು ಹೆತ್ತು ತೀರಿಹೋದವಳು. ಒಂದು ಫೋಟೋ ಕೂಡ ತೆಗೆಸಿಕೊಂಡಿರಲಿಲ್ಲ. ಮಗುವಿಗೆ ಅಪ್ಪನ ವೇಷ ತೋರಿಸಬಾರದೆಂದು ಅಜ್ಜಿಯ ಕಟ್ಟಪ್ಪಣೆ. ಪಂಚೆಯ ಮೇಲಿನ ಗೊಂಬೆಯಾಟ ನೋಡಿದರೆ ಏನಾಗುತ್ತದೆ ಎಂದು ಸಾಹೇಬರೇ ಅಜ್ಜಿಯನ್ನು ಒಪ್ಪಿಸಿದ್ದರು.

"ರಾಣಿಯೋರೇ, ಬೀಡಿ ಆರ್ಸಿ. ಈಗ ನೀವ್ ಬರ್ತೀರ," ಎಂದರು ಸಾಹೇಬರು.

"ಬರ್ಲಿ ಬಿಡಿ ಸಾಬ್ರೇ, ಕುಂತ್ಕೊಂಡೇ ನೋಡ್ತೀನಿ," ಎಂದು ಚಿಕ್ಕಪ್ಪ ನಕ್ಕ.

ಯಂತ್ರ ಕರಕರ ಅಂದಿತು. ಹೆಂಗಸೊಬ್ಬಳು ಕಂಬದ ಮರೆಯಿಂದ ಬಂದು, ಸೆರಗು ಸಿಕ್ಕಿಸಿಕೊಂಡು, ಎಡಗೈಯ ಹಿಂಬದಿಯಿಂದ ಹಣೆಗೂದಲು ತಳ್ಳಿದಳು. ಒಲೆಯ ಮುಂದೆ ಚಿಕ್ಕಮ್ಮ ಹಾಗೆಯೇ ತಳ್ಳುತ್ತಿದ್ದಳು. ಅದನ್ನು ಯಾರೂ ಚಿಕ್ಕಪ್ಪನಿಗೆ ಹೇಳಿಕೊಟ್ಟಿರಲಿಲ್ಲ.

ಗಾಬರಿಯಾದರೆ ಅಜ್ಜಿಗೆ ಮೊದಲು ತೆಲುಗೇ ಬರುವುದು. "ವಚ್ಚೇಸಿಂದಿರಾ! ಬಂದೇಬಿಟ್ಲಲ್ಲೋ ನಿನ್ನ ಹೆಂಡ್ತಿ!"

ಮಗು ನನ್ನ ತೊಡೆಯಿಂದ ಜಾರಿ ಓಡಿ ಪಂಚೆಗೆ ಕೆನ್ನೆ ಒತ್ತಿತು. "ಅಪ್ಪಾ, ಅಮ್ಮ ಇಲ್ಲೇ ಅವ್ಳೆ ಕಣಪ್ಪಾ!" ಅದರ ಪುಟ್ಟ ಬೆನ್ನಿನ ಮೇಲೆಲ್ಲ ಆ ಹೆಂಗಸು ಓಡಾಡುತ್ತಿದ್ದಳು.

"ನೀನೇ ಅಂತ ಹೇಳೋ," ಎಂದು ಅಜ್ಜಿ ತಿವಿದಳು.

ಚಿಕ್ಕಪ್ಪ ಮಗಳ ಕಡೆ ತಿರುಗಿದ. "ಹ್ಞೂ ಕಣಮ್ಮಾ," ಎಂದ. "ಅಮ್ಮನೇ."

ಆಮೇಲೆ ಅವನು ಬಣ್ಣ ಹಚ್ಚಲಿಲ್ಲ. ಮಗಳು ವೇಷ ನೋಡಿಬಿಟ್ಟರೆ ಇದ್ದೊಬ್ಬ ಅಮ್ಮನೂ ಹೋಗುತ್ತಾಳೆಂಬ ಭಯ. ಚಿಂತಾಮಣಿಯ ನಾಟಕದವರು ಮನೆಗೇ ಬಂದು ಕೂತರೂ ಹೋಗಲಿಲ್ಲ. ಆದರೆ ಸೆಕೆಯಲ್ಲಿ ಅವನ ಎಡಗೈ ತಾನಾಗಿ ಹಣೆಗೆ ಏಳುತ್ತಿತ್ತು; ಮಗಳು ಎದುರಿಗಿದ್ದರೆ ಅರ್ಧದಲ್ಲೇ ಹಿಡಿದು ಕೆಳಗಿಳಿಸುತ್ತಿದ್ದ. ನಾನು ಎಷ್ಟೋ ಸಲ ನೋಡಿ ಮುಖ ತಿರುಗಿಸಿದ್ದೇನೆ.

ಮದುವೆಗೆ ಮುಂಚೆ, ತೀರಿಹೋದ ಮುತ್ತೈದೆಗೆ ಸೀರೆ ಇಟ್ಟು ಎಡೆ ಹಾಕುವುದು ನಮ್ಮಲ್ಲಿ ಪದ್ಧತಿ. ವರ್ಷಗಳ ನಂತರ ಮಗಳ ಮದುವೆ ಗೊತ್ತಾದಾಗ, ಅವಳು ಸಾಹೇಬರಿಂದ ಆ ಫಿಲ್ಮಿನದೊಂದು ಪಟ ಮಾಡಿಸಿ, ಕಟ್ಟು ಹಾಕಿಸಿ ತಂದು, ಸೀರೆಯ ಹಿಂದೆ ನಿಲ್ಲಿಸಿದಳು. ಬದುಕಿರುವವರ ಪಟಕ್ಕೆ ಯಾರಾದರೂ ಹಾರ ಹಾಕುತ್ತಾರೆಯೇ?

"ಬ್ಯಾಡ ಕಣೋ, ಬ್ಯಾಡ," ಎಂದು ಅಜ್ಜಿ ಹಾರ ಎತ್ತಿಕೊಂಡ ಚಿಕ್ಕಪ್ಪನ ತೋಳು ಹಿಡಿದಳು.

ಚಿಕ್ಕಪ್ಪ ತೋಳು ಬಿಡಿಸಿಕೊಂಡು ತಾನೇ ಹಾರ ಹಾಕಿದ. ಮಗಳು ಪಟಕ್ಕೆ ಅಡ್ಡಬಿದ್ದಳು. ಎದ್ದು ಬಂದು ಅಪ್ಪನ ಕಾಲು ಮುಟ್ಟಿದಳು.