ಮುರ್ಶಾ ಸೊಸೆಯನ್ನು ಹೊಗಳಲು ಹೊರಟದ್ದು

ಮುರ್ಶಾಳ ಮನೆಗೂ ನಮ್ಮ ಮನೆಗೂ ಒಂದೇ ಗೋಡೆ. ಅವಳು ಸೀನಿದರೆ ನನಗೆ ಕೇಳುತ್ತದೆ. ಅವಳ ಸಂಶಯದ ಬಗ್ಗೆ ನನ್ನಷ್ಟು ಬಲ್ಲವರು ಊರಲ್ಲಿಲ್ಲ, ಯಾಕೆಂದರೆ ಅದರ ದೊಡ್ಡ ಪಾಲು ಬಂದದ್ದು ನನಗೇ. ಹಾಲು ಒಡೆದರೆ ನನ್ನ ಕಣ್ಣು ಬಿತ್ತು ಅನ್ನುತ್ತಿದ್ದಳು. ಒಡೆಯದಿದ್ದರೆ, ಇವತ್ತು ಇವಳು ಯಾಕೆ ಸುಮ್ಮನೆ ಬಿಟ್ಟಳು ಎಂದು ಯೋಚಿಸುತ್ತಿದ್ದಳು.

ಅವಳನ್ನು ಪೂರ್ತಿ ದೂರುವಂತೆಯೂ ಇಲ್ಲ. ಮದುವೆಯ ಮೊದಲ ವರ್ಷದಲ್ಲೇ, ಮಗ ತೊಕಾಯ್ ಇನ್ನೂ ಹೊಟ್ಟೆಯಲ್ಲಿದ್ದಾಗ, ಅವಳ ಗಂಡನನ್ನು ಓರುಗ ಎತ್ತಿಕೊಂಡು ಹೋದ. ಗಾಳಿ ಮಳೆಯ ಒಡೆಯನಾದ ಓರುಗನಿಗೆ ಸೂರಿನ ಕೆಳಗೆ ಆಡಿದ್ದು ಕೇಳುವುದಿಲ್ಲ. ಬಯಲಲ್ಲಿ ಏನನ್ನಾದರೂ ಚೆನ್ನಾಗಿದೆ ಅಂದಿರೋ, ಅದು ಅವನದಾಯಿತು. ಕಂಬಳಿ ತಟ್ಟುವ ಬಾಲ್ತು ಒಮ್ಮೆ ಬಾಯಿ ತಪ್ಪಿ ತನ್ನ ಬಿಳಿ ಕುರಿಯನ್ನು ಅಂಗಳದಲ್ಲಿ ಹೊಗಳಿಬಿಟ್ಟ. ಊಟದ ಹೊತ್ತಿಗೆ ಅದು ಮೋಡದ ಪಕ್ಕದಲ್ಲಿ ಕಾಲಾಡಿಸುತ್ತ ಹೋಗುವುದನ್ನು ಊರೇ ಕತ್ತೆತ್ತಿ ನೋಡಿತು. ಅದಕ್ಕೇ ನಾವು ಬೇಕಾದವರನ್ನು ಬಯಲಲ್ಲಿ ಬಾಯ್ತುಂಬ ಬೈಯುತ್ತೇವೆ. ಮುರ್ಶಾಳ ಗಂಡ ಅಂದು ಹೊಸ ಅಂಗಿ ತೊಟ್ಟು ಓಣಿಯಲ್ಲಿ ಹೊರಟಿದ್ದ. ಯಾರೋ ಒಂದು ಒಳ್ಳೆಯ ಮಾತಾಡಿದರು. ಯಾರು ಎಂಬುದು ಇವತ್ತಿಗೂ ಗೊತ್ತಾಗಿಲ್ಲ. ಅಂದಿನಿಂದ ಅವಳಿಗೆ ಇಡೀ ಓಣಿಯ ಮೇಲೆ ಗುಮಾನಿ.

ಇಂಥವಳ ಮನೆಗೆ ಸೊಸೆಯಾಗಿ ಬಂದದ್ದು ಗವಿಯೂರಿನ ಇಲೂನಿ. ಅಲ್ಲಿಯವರ ತಲೆಯ ಮೇಲೆ ಸದಾ ಬಂಡೆ. ಹೊಗಳಿದ್ದು ಎಲ್ಲೂ ಹೋಗದ್ದರಿಂದ ಅವರ ಬಾಯಿಗೆ ಲಗಾಮಿಲ್ಲ. ಮುರ್ಶಾ ಅವಳನ್ನು ಅಂಗಳದಲ್ಲಿ ಒಂದು ದಿನವೂ ಬೈಯಲಿಲ್ಲ. "ಬಾಮ್ಮ", "ಕೂತ್ಕೋಮ್ಮ", ಅಷ್ಟೇ. ಓರುಗ ಎತ್ತಿಕೊಂಡು ಹೋದರೆ ಹೋಗಲಿ ಎನ್ನುವ ಮರ್ಯಾದೆ ಅದು. ನನಗೆ ನೋಡಲಾಗದೆ ನಾನೇ ಗೋಡೆಯ ಮೇಲಿಂದ ಆ ಹುಡುಗಿಯನ್ನು ಒಂದೆರಡು ಸಲ "ಏ ಸೊಟ್ಟಮೂತಿ" ಎಂದು ಕೂಗಿದ್ದೆ. ಅದಕ್ಕೂ ಮುರ್ಶಾ ನನ್ನನ್ನು ದುರುಗುಟ್ಟಿಕೊಂಡು ನೋಡಿದಳು.

ಚಳಿಗಾಲಕ್ಕೆ ಮುಂಚೆ ತೊಕಾಯ್ ಎತ್ತುಗಳ ಮೇಲೆ ಕಂಬಳಿ ಹೇರಿಕೊಂಡು ಕಣಿವೆ ದಾಟಿ ಹೋದ. ಅವನು ಹೋದ ಮರುದಿನದಿಂದಲೇ ಇಲೂನಿ ಬೆಳಗಾಗುತ್ತಲೇ ಮಾಳಿಗೆ ಹತ್ತತೊಡಗಿದಳು. ಕಣಿವೆಯ ಕಡೆ ಮುಖ ಮಾಡಿ ನಿಂತು ಏನೋ ಹೇಳುತ್ತಿದ್ದಳು. ಗಾಳಿಯ ಸದ್ದಿಗೆ ನಮಗೆ ಒಂದಕ್ಷರವೂ ಕೇಳುತ್ತಿರಲಿಲ್ಲ.

"ನೋಡ್ದೇನೆ ದೂಶಿ?" ಮುರ್ಶಾ ನನ್ನನ್ನು ಬಾಗಿಲ ಮರೆಗೆ ಎಳೆದಳು. "ನನ್ ಮಗನ್ನ ಹೊಗಳ್ತಿದಾಳೆ."

"ಕಂಡಿದೀಯಾ ನೀನು? ಚಳಿಗೆ ಹಲ್ಲು ಕಡೀತಿರ್ಬೇಕು."

"ಹಲ್ಲು ಕಡಿಯೋಕೆ ಮಾಳಿಗೆ ಹತ್ಬೇಕಾ? ಅವಳ ಪರ ಯಾಕೆ ಮಾತಾಡ್ತೀಯ? ನಿನಗೇನು ಕೊಟ್ಟಳು?"

ನಿಜ ಹೇಳಬೇಕೆಂದರೆ ನನಗೂ ಒಳಗೊಳಗೇ ಅಳುಕಿತ್ತು. ಹೊಸದಾಗಿ ಮದುವೆಯಾದವಳು, ಗಂಡ ದೂರ, ಅದೂ ಗವಿಯೂರಿನ ನಾಲಿಗೆ.

ಅಷ್ಟರಲ್ಲಿ ಉಪ್ಪು ಮಾರುವವನೊಬ್ಬ ಕಣಿವೆಯಿಂದ ಸುದ್ದಿ ತಂದ. ತೊಕಾಯ್‌ನ ಎತ್ತೊಂದನ್ನು ಗಾಳಿ ಹೊರೆಯ ಸಮೇತ ಎತ್ತಿತಂತೆ. ಅವನನ್ನು ಮಾತ್ರ ಯಾರೂ ಕಂಡಿರಲಿಲ್ಲ. ಮುರ್ಶಾ ಅಳಲಿಲ್ಲ. ಒಲೆಯ ಮುಂದೆ ಕೂತು ತಣ್ಣಗೆ ಹೇಳಿದಳು:

"ನಾಳೆ ನಾನೂ ಮಾಳಿಗೆ ಹತ್ತಿ ಎರಡು ಒಳ್ಳೇ ಮಾತು ಆಡ್ತೀನಿ. ಅವಳ ಬಗ್ಗೆ."

ನಮ್ಮಲ್ಲಿ ಕೊಲೆ ಮಾಡಲು ಕತ್ತಿ ಬೇಕಿಲ್ಲ.

"ಮುರ್ಶಾ, ತಪ್ಪು ಕಣೇ. ಮೊದಲು ಕೇಳು ಅವಳನ್ನ."

"ಕೇಳಿದ್ರೆ ಹೌದು ಅಂತಾಳಾ? ನನ್ ಗಂಡನ್ನ ಹೊಗಳಿದವರು ಯಾರಾದ್ರೂ ಬಂದು ಹೌದು ಅಂದ್ರಾ? ನೀನು ಅಂದ್ಯಾ?"

ಈ ಮಾತಿಗೆ ನನಗೆ ಸಿಟ್ಟು ನೆತ್ತಿಗೇರಿತು. ಆದರೂ ಬೆಳಗ್ಗೆ ಅವಳು ಏಣಿ ಹತ್ತುವಾಗ ಹಿಂದಿನಿಂದ ಅವಳ ಸೆರಗು ಹಿಡಿದುಕೊಂಡೇ ಹತ್ತಿದೆ. ಅವಳು ಕೊಡವಿಕೊಂಡಳು. ಇಲೂನಿ ಆಚೆ ತುದಿಯಲ್ಲಿ ನಮಗೆ ಬೆನ್ನು ಹಾಕಿ ನಿಂತಿದ್ದಳು. ಮುರ್ಶಾ ತಲೆಯೆತ್ತಿ ಗಟ್ಟಿಯಾಗಿ, "ಓರುಗ, ನನ್ನ ಸೊಸೆ ಇದಾಳಲ್ಲ..." ಎಂದಳು.

ಗಾಳಿ ನಿಂತುಹೋಯಿತು. ಹೊಗಳಿಕೆ ಬರುವ ಸುಳಿವು ಸಿಕ್ಕರೆ ಅವನು ಉಸಿರು ಬಿಗಿಹಿಡಿದು ಬಗ್ಗುತ್ತಾನೆ. ಮೋಡ ನಮ್ಮ ನೆತ್ತಿಗೆ ತಾಗುವಷ್ಟು ಇಳಿಯಿತು. ಆ ನಿಶ್ಶಬ್ದದಲ್ಲಿ ಇಲೂನಿಯ ಮಾತು ಮೊದಲ ಸಲ ನಮಗೆ ಕೇಳಿಸಿತು.

"...ಗೂಬೆ ಮೂತಿಯವನು. ಗೊರಕೆ ಹೊಡೆದ್ರೆ ಎತ್ತುಗಳು ಹಗ್ಗ ಕಿತ್ಕೊಂಡು ಓಡ್ತವೆ. ಕಾಲು ನಾರ್ತದೆ. ಅತ್ತೆ ಹೆತ್ತಿದ್ದು ಮಗನ್ನಲ್ಲ, ಹುಳ ತಿಂದ ಕಂಬಳೀನ. ಯಾರಿಗೂ ಬೇಡದವನು ಸ್ವಾಮಿ. ನಿನಗ್ಯಾಕೆ ಅವನು..."

ಹೇಳುತ್ತ ಹೇಳುತ್ತ ಬಿಕ್ಕುತ್ತಿದ್ದಳು. ಗಾಳಿ ನಿಂತದ್ದು ಆಮೇಲೆ ಅರಿವಿಗೆ ಬಂದು ತಿರುಗಿದಳು. ಅತ್ತೆಯ ತೆರೆದ ಬಾಯಿ, ತಲೆಯ ಮೇಲೆ ಇಳಿದ ಮೋಡ, ಎರಡನ್ನೂ ನೋಡಿದಳು. ಗವಿಯೂರಿನವಳಾದರೂ ಅವಳಿಗೆ ಎಲ್ಲ ಅರ್ಥವಾಯಿತು. ಅವಳ ಕಾಲಡಿಯ ಚಾಪೆ ಆಗಲೇ ಮೇಲೇಳತೊಡಗಿತ್ತು.

ಮುರ್ಶಾ ಓಡಿಹೋಗಿ ಅವಳ ರಟ್ಟೆ ಹಿಡಿದುಕೊಂಡಳು.

"ನನ್ನ ಸೊಸೆ ಇದಾಳಲ್ಲ, ಕೆಲಸಗಳ್ಳಿ!" ದನಿ ಕೀರಲಾಗಿತ್ತು. "ಅಂಬಲಿ ಕಾಸಿದ್ರೆ ಗಂಟು. ನಡೆದ್ರೆ ಬಾತುಕೋಳಿ. ಇಂಥ ದರಿದ್ರದವಳು ಗವಿಯೂರಲ್ಲೂ ಇನ್ನೊಬ್ಬಳಿಲ್ಲ. ಹಾಳಾದವಳೇ, ಕೊಳಕಿ, ನನ್ ಮನೇಗೆ ಗಂಟು ಬಿದ್ದವಳೇ..."

ಅವಳು ಬೈಯುತ್ತಲೇ ಇದ್ದಳು. ತಿಂಗಳುಗಟ್ಟಲೆ ಹೊಟ್ಟೆಯಲ್ಲಿಟ್ಟುಕೊಂಡಿದ್ದೆಲ್ಲ ಬಂತು. ಕೈ ಮಾತ್ರ ಬಿಡಲಿಲ್ಲ. ಮೋಡಕ್ಕೆ ಬೇಸರ ಬಂದಿರಬೇಕು, ಮೆಲ್ಲಗೆ ಸರಿಯಿತು. ಗಾಳಿ ಮತ್ತೆ ಬೀಸಿತು.

ಇಲೂನಿ ಕೆನ್ನೆ ಒರೆಸಿಕೊಳ್ಳಲಿಲ್ಲ. ಅತ್ತೆಯ ಮುಖವನ್ನೇ ನೋಡುತ್ತ ಕೇಳಿದಳು:

"ನೀವೇನ್ ಕಮ್ಮಿ, ಅತ್ತೆ? ಮುದಿ ಗೂಬೆ. ಹೊಗೆ ಹಿಡಿದ ಮಡಿಕೆ. ನಿಮ್ಮನ್ನ ಕಂಡ್ರೆ ಕಾಗೇನೂ ಹಾರಿಹೋಗತ್ತೆ."

ಓಣಿಯವರೆಲ್ಲ ಹೆದರುತ್ತಿದ್ದ ಆ ಹೆಂಗಸನ್ನು ಬಯಲಲ್ಲಿ ಹೀಗೆ ಬೈಯುವವರು ಎಷ್ಟೋ ವರ್ಷಗಳಿಂದ ಒಬ್ಬರೂ ಇರಲಿಲ್ಲ. ನಾನೂ ಬೈದಿರಲಿಲ್ಲ. ಮುರ್ಶಾ ಮಾಳಿಗೆಯ ಮೇಲೇ ಕುಸಿದು ಕೂತಳು.

"ಇನ್ನೂ ಬೈಯೇ," ಎಂದಳು. "ಓರುಗನಿಗೆ ಕೇಳೋ ಹಾಗೆ ಬೈಯಿ."